ಗುರುತು ಉಳಿಯದ ಹಂದರ

ನಾನು ಬೇಗ ಮನಸ್ಸು ಬದಲಿಸುವ ಮನುಷ್ಯನಲ್ಲ. ಇದನ್ನು ಕೆಲವರು ಸ್ಥಿರಬುದ್ಧಿ ಎನ್ನುತ್ತಾರೆ. ನನ್ನ ಹೆಂಡತಿ ನೀಲಮ್ಮ ಸೋಮಾರಿತನ ಎನ್ನುತ್ತಾಳೆ. ಕಾಲಿಗೆ ಕಚ್ಚುವ ಚಪ್ಪಲಿಯನ್ನು ಅಂಗಡಿಗೆ ಮರಳಿ ಒಯ್ಯುವುದಕ್ಕಿಂತ ಕಚ್ಚಿಸಿಕೊಳ್ಳುವುದೇ ಸಲೀಸೆಂದು ಎರಡು ವರ್ಷ ಕುಂಟಿದವನು ನಾನು. ಅಂಥವನು ಒಮ್ಮೆ, ಲೇಖನಿಯನ್ನು ಮಸಿಯಲ್ಲಿ ಅದ್ದಿ, ಕಾಗದದ ಮೇಲೆ ಕೈ ಊರಿ, ಸಹಿ ಹಾಕದೆ ಎದ್ದೆ. ಆ ಕಾಗದ ಇನ್ನೂ ನನ್ನ ಪೆಟ್ಟಿಗೆಯಲ್ಲಿದೆ.

ಶಹಾಬಾದಿನ ಒಂದು ಫರ್ಸಿ, ಅಂದರೆ ಹಾಸುಗಲ್ಲಿನ, ಗಣಿಯಲ್ಲಿ ನಾನು ಮುನ್ಶಿ. ಕಲ್ಲು ಅಳೆಯುವುದು, ಉರ್ದುವಿನಲ್ಲಿ ಬರೆಯುವುದು, ಕೆಳಗೆ ಸಹಿ ಹಾಕುವುದು. ಸಂಜೆಗೆ ರೆಪ್ಪೆಯ ಮೇಲೂ ಬಿಳಿ ಧೂಳು. ನಮ್ಮೂರಲ್ಲಿ ನೆಲವೆಂದರೆ ಕಲ್ಲು. ಗೇಣು ಮಣ್ಣು ಕೆದರಿದರೆ ಕೆಳಗೆ ಹಾಸುಗಲ್ಲು. ಸೇಡಂ ಕಡೆಯ ಕರಿಮಣ್ಣಿನಲ್ಲಿ ಹಾರೆ ನಾಲ್ಕು ಸಲ ಎತ್ತಿ ಹಾಕಿದರೆ ಮದುವೆಯ ಹಂದರದ ಕಂಬ ನಿಲ್ಲುತ್ತದೆ. ಇಲ್ಲಿ ಕಲ್ಲುಕುಟಿಗ ಬಂದು ಉಳಿ ಹಿಡಿದು ಒಂದೊಂದೇ ಕುಳಿ ಕಡೆಯಬೇಕು. ಅದಕ್ಕೇ ಶಹಾಬಾದಿನಲ್ಲಿ ಒಂದು ಮನೆಯ ಮೊದಲ ಮದುವೆಗೆ ಕಡೆದ ಕುಳಿಗಳು ಆ ಮನೆಗೆ ಕಾಯಂ. ಮದುವೆ ಮುಗಿದ ಮೇಲೆ ಫರ್ಸಿಯ ಚೂರು ಮುಚ್ಚಿ, ಮುಂದಿನ ಮದುವೆಯ ತನಕ ಅವುಗಳ ಮೇಲೆ ಓಡಾಡುತ್ತಾರೆ. ಹೆಣ್ಣು ನೋಡಲು ಬಂದ ಬೀಗರು ಚಹಾ ಕುಡಿಯುತ್ತ ಹಿಮ್ಮಡಿಯಿಂದ ನೆಲ ತಟ್ಟಿ, ಕುಳಿ ಎಷ್ಟಿವೆ ಎಂದು ಎಣಿಸಿ ಮನೆತನದ ಅಂತಸ್ತು ತಿಳಿಯುತ್ತಾರೆಂದು ಚೇಷ್ಟೆಯ ಮಾತೂ ಇದೆ.

ನಮ್ಮ ಅಂಗಳದಲ್ಲಿ ಕುಳಿ ಆರು. ಹಿರಿಯ ಮಗಳು ಗುರುಬಾಯಿಯ ಮದುವೆಗೆ ಕಡೆಸಿದ್ದು. ಮರುವರ್ಷ ಹೆರಿಗೆಗೆಂದು ಬಂದವಳು ಉಳಿಯಲಿಲ್ಲ, ಕೂಸೂ ಉಳಿಯಲಿಲ್ಲ. ಇದನ್ನು ಇಷ್ಟು ಚಿಕ್ಕದಾಗಿ ಬರೆಯಲು ನನಗೆ ಆರು ವರ್ಷ ಹಿಡಿದಿದೆ.

ಅವಳು ಹೋದ ಹದಿನೈದು ದಿನಕ್ಕೆ ನೀಲಮ್ಮ ಬೀಸುವ ಕಲ್ಲನ್ನು ಪಡಸಾಲೆಯಿಂದ ಅಂಗಳಕ್ಕೆ ಸರಿಸಿಕೊಂಡು ಬಂದು ನಡುವಿನ ಕುಳಿಯ ಮುಚ್ಚಳದ ಮೇಲೆ ಇಟ್ಟಳು. ಹಾಲು ತುಪ್ಪ ಎರೆದು ಪೂಜೆ ಮಾಡಿ ನಿಲ್ಲಿಸುವ ಹಂದರಗಂಬದ ಕುಳಿ ಅದು. ಆಮೇಲೆ ಬಿಸಿಲಿರಲಿ, ಗಾಳಿಯಿರಲಿ, ಜೋಳ ಬೀಸುವುದು ಅಲ್ಲೇ. ಯಾಕೆ ಎಂದು ನಾನು ಕೇಳಲಿಲ್ಲ. ಅಂದಿನಿಂದ ನಾನೂ ಪ್ರತಿ ಕಲ್ಲನ್ನು ಮೂರು ಸಲ ಅಳೆಯತೊಡಗಿದ್ದೆ. ಯಾಕೆ ಎಂದು ಅವಳೂ ಕೇಳಲಿಲ್ಲ.

ನಾಲ್ಕು ವರ್ಷದ ನಂತರ ಕಿರಿಯವಳು ಮಹಾದೇವಿಯ ಮದುವೆ ಗೊತ್ತಾಯಿತು. ಮದುವೆ ಮಾಡುವ ಅಪ್ಪನಿಗೆ ಬರುವ ದಣಿವು ಗಣಿಯ ದಣಿವಿನಂಥದಲ್ಲ. ಅದು ತೊಳೆದರೆ ಹೋಗುವುದಿಲ್ಲ. ಅಡಿಗೆಯವರಿಗಾಗಿ ಚಿತ್ತಾಪುರಕ್ಕೆ ಅಲೆದೆ. ಚಿಂಚೋಳಿ ಅಡವಿಯ ಮುತ್ತುಗದೆಲೆಯ ಪತ್ರಾವಳಿ ತರಿಸಲು ಹೇಳಿದೆ. ಉಳಿದದ್ದು ಹಂದರ. ಊರಿನ ಹಂದರವೆಲ್ಲ ಭೀಮಶ್ಯಾನದು. ಭೀಮಾನದಿಯ ದಂಡೆಯಿಂದ ಬಂದು ನೆಲೆಸಿದ ಮುದುಕ; ಯಾವ ಮನೆಯಲ್ಲಿ ಕುಳಿ ಎಲ್ಲಿದೆ ಎಂದು ಮನೆಯವರಿಗಿಂತ ಚೆನ್ನಾಗಿ ಬಲ್ಲ. ಅವನನ್ನು ಕರೆದರೆ ಮೊದಲು ಬೀಸುವ ಕಲ್ಲು ಸರಿಸಬೇಕು. ಅದಕ್ಕೇ ನಾನು ವಾಡಿಯ ರಶೀದ್‌ಮಿಯಾನನ್ನು ಕರೆದೆ.

ವಾಡಿ ದೊಡ್ಡ ಜಂಕ್ಷನ್; ಹೊಸದೇನಿದ್ದರೂ ಮೊದಲು ಅಲ್ಲಿ ಇಳಿಯುತ್ತದೆ. ರಶೀದ್‌ಮಿಯಾನ ಶಾಮಿಯಾನಾ ಬಣ್ಣದ ಬಟ್ಟೆಯದು, ಕಬ್ಬಿಣದ ಕಂಬಗಳದು. ಕಂಬಗಳು ಉಸುಕು ತುಂಬಿದ ಪೀಪಾಯಿಗಳಲ್ಲಿ ನಿಲ್ಲುತ್ತವೆ.

“ಕುಳಿ ಇಲ್ಲ, ಉಳಿ ಇಲ್ಲ, ಮುನ್ಶಿ ಸಾಬ್,” ಎಂದ. “ನಿಮ್ಮ ಜಮೀನಿಗೆ ನಮ್ಮ ಕಂಬ ಬರೀ ಸಲಾಮ್ ಮಾಡ್ತಾವ. ಒಳಗ ಹೋಗೂದಿಲ್ಲ.”

ಒಳ್ಳೆಯ ಮನುಷ್ಯ, ಒಳ್ಳೆಯ ಮಾತು. ಮೂರನೆಯ ದಿನ ಛಾಪಾ ಕಾಗದದ ಮೇಲೆ ಕರಾರು ಬರೆಸಿಕೊಂಡು ಬಂದ.

ಇಲ್ಲಿ ಒಂದು ಮಾತು. ಮಳಖೇಡದ ಕಡೆ ಹೋದಾಗ ಹಳೆಯ ಶಾಸನದ ಕಲ್ಲುಗಳನ್ನು ನೋಡಿದ್ದೇನೆ. ಕಲ್ಲಿನ ವ್ಯಾಪಾರದವನಾದ್ದರಿಂದ ನನ್ನ ಕಣ್ಣು ಮೊದಲು ಅದರ ಅಗಲಕ್ಕೆ ಹೋಗುತ್ತದೆ, ಆಮೇಲೆ ಅಕ್ಷರಕ್ಕೆ. ಬಲ್ಲವರು ಓದಿ ಹೇಳಿದ ಪ್ರಕಾರ, ಅಂಥ ಶಾಸನಗಳ ಕೊನೆಯಲ್ಲಿ ಕೊಟ್ಟ ಮಾತಿಗೆ ತಪ್ಪಿದವನಿಗೆ ಘೋರ ಶಾಪವಿರುತ್ತದೆ: ಹುಳುವಾಗಿ ಹುಟ್ಟುತ್ತಾನೆ, ನರಕದಲ್ಲಿ ಬೇಯುತ್ತಾನೆ. ಆದರೆ ಮಾತು ಕೊಡುವ ಮುಂಚೆ, ಉಳಿ ಕಲ್ಲಿಗೆ ತಾಗುವ ಮುಂಚೆ, ‘ಸ್ವಲ್ಪ ತಡಿ’ ಎಂದವನಿಗೆ ಯಾವ ರಾಜನೂ ಶಾಪ ಬರೆಸಿದಂತಿಲ್ಲ. ಆ ಸಣ್ಣ ಸಂದಿಯನ್ನು ಹಿರಿಯರು ಬೇಕೆಂದೇ ಬಿಟ್ಟಿರಬೇಕು. ನನ್ನಂಥ ನಿಧಾನಿಗಳಿಗೆ ಅಲ್ಲಿ ತಲೆ ತೂರಿಸಲು ಜಾಗವಿದೆ.

ಉರ್ದುವಿನಲ್ಲಿದ್ದ ಕರಾರನ್ನು ನಾನು ಗಟ್ಟಿಯಾಗಿ ಕನ್ನಡಕ್ಕೆ ತಿರುಗಿಸುತ್ತ ಓದಿದೆ, ಒಳಗಿದ್ದ ನೀಲಮ್ಮನಿಗೂ ಕೇಳಲೆಂದು. ಐದನೆಯ ಕಲಮು ಹೀಗಿತ್ತು: ಮದುವೆ ಮುಗಿದ ಮರುದಿನ, ನೆಲದ ಮೇಲೆ ಹಂದರದ ಯಾವ ಗುರುತೂ ಉಳಿಯದಂತೆ, ಜಾಗವನ್ನು ಮೊದಲಿದ್ದ ಹಾಗೆ ಒಪ್ಪಿಸತಕ್ಕದ್ದು. ಇದೇ ನನಗೆ ಬೇಕಾಗಿದ್ದ ಕಲಮು. ಲೇಖನಿ ಅದ್ದಿದೆ.

ಚಹಾ ತಂದಿದ್ದ ಮಹಾದೇವಿ ಬಾಗಿಲಲ್ಲೇ ನಿಂತಿದ್ದಳು. ಪರ ಊರಿನವರ ಮುಂದೆ ಬಾಯಿ ಬಿಡುವ ಹುಡುಗಿಯಲ್ಲ. ಸಣ್ಣ ದನಿಯಲ್ಲಿ ಕೇಳಿದಳು: “ಅಪ್ಪಾ, ಅಕ್ಕನ ಮದವಿ ಆಗಿದ್ದು ಈ ಅಂಗಳಕ್ಕ ಗೊತ್ತದ. ನಂದು ಗೊತ್ತಾಗೂದು ಬ್ಯಾಡೇನು?”

ಕಾಗದದ ಮೇಲೆ ಒಂದು ಹನಿ ಮಸಿ ಬಿತ್ತು. ನಾನು ಲೇಖನಿ ಕೆಳಗಿಟ್ಟೆ. ಸತ್ತವಳ ಗುರುತನ್ನು ಮುಚ್ಚಲು ಹೋಗಿ, ಬದುಕಿದ್ದವಳ ಗುರುತೇ ಬೀಳದಂತೆ ಮಾಡಲು ಹೊರಟಿದ್ದೆ. ಮೂರು ಸಲ ಅಳೆಯುವವನಿಗೆ ಇಷ್ಟು ಕಾಣಲಿಲ್ಲ.

ರಶೀದ್‌ಮಿಯಾನ ಮುಖ ನೋಡಲು ಧೈರ್ಯವಾಗಲಿಲ್ಲ. ಅವನೇ ಕಾಗದವನ್ನು ನನ್ನ ಕಡೆ ಸರಿಸಿದ. “ಇಟ್ಗೋರಿ. ಸಹಿ ಆದ ಮ್ಯಾಲ ಮನಸ ಬದಲಾದ್ರ ಝಗಡಾ ಆಗ್ತದ, ಮುನ್ಶಿ ಸಾಬ್. ಸಹಿ ಮುಂಚೆ ಬದಲಾದ್ರ ಬರೀ ಚಹಾ ಆಗ್ತದ. ಬೇಟಿ, ಇನ್ನೊಂದು ಕಪ್ಪು ತಾ.”

ಆದರೆ ಕೆಲಸ ಅರ್ಧವೇ ಆಗಿತ್ತು. ವಾಡಿಯ ಹಂದರ ಬೇಡವಾಯಿತು. ಊರಿನ ಹಂದರಕ್ಕೆ ನೀಲಮ್ಮ ಹೂಂ ಅನ್ನಬೇಕು. ಮದುವೆಗೆ ಹನ್ನೊಂದು ದಿನ. ಅವಳು ಮಾತು ನಿಲ್ಲಿಸಿದಳು. ಬೆಳಿಗ್ಗೆ ಎಂದಿನಂತೆ ಕಲ್ಲಿನ ಮುಂದೆ ಕೂತು ಬೀಸಿದಳು. ನಾನು ಆ ಸಪ್ಪಳ ಕೇಳುತ್ತ ಗಣಿಗೆ ಹೋದೆ. ಹೀಗೆ ಮೂರು ದಿನ. ಮಹಾದೇವಿ ತಾನು ಆಡಿದ ಮಾತಿಗೆ ತಾನೇ ಅಂಜಿ, “ಹೋಗಲಿ ಬಿಡಪ್ಪಾ, ಹಂದರ ಇಲ್ಲದೇ ಗುಡಿಯಾಗ ಮಾಡ್ರಿ,” ಎಂದಳು.

ನಾಲ್ಕನೆಯ ಸಂಜೆ ನಾನು ಬಂದಾಗ ನೀಲಮ್ಮ ಸೆರಗು ಸಿಕ್ಕಿಸಿಕೊಂಡು ಅಂಗಳದಲ್ಲಿ ನಿಂತಿದ್ದಳು.

“ಮದವಿ ಅರಿಷಿಣ ಬೀಸಬೇಕಲ್ಲ. ಕಲ್ಲು ಪಡಸಾಲಿಗೆ ಒಯ್ಯಬೇಕು,” ಎಂದಳು. “ಒಬ್ಬಾಕಿಗೇ ಆಗವಲ್ದು. ಒಂದು ಕೈ ಹಚ್ಚರಿ.”

ಕೈ ಹಚ್ಚಿದೆ. ಬೀಸುವ ಕಲ್ಲು ಅಷ್ಟು ಭಾರವಿರುತ್ತದೆಂದು ಕಲ್ಲಿನ ಮುನ್ಶಿಯಾದ ನನಗೆ ಗೊತ್ತಿರಲಿಲ್ಲ. ಅದನ್ನು ಅವಳು ಅಂದು ಒಬ್ಬಳೇ ತಂದಿದ್ದಳು.

ಮರುದಿನ ಭೀಮಶ್ಯಾ ಬಂದ. “ಏನ್ರಿ ಮುನ್ಶಿಯವರ, ವಾಡಿ ಗಾಡಿ ತಪ್ಪಿತೇನು?” ಎಂದು ನಕ್ಕು, ನಡುವಿನ ಫರ್ಸಿ ಎಬ್ಬಿಸಿದ. ಕುಳಿಯಲ್ಲಿ ಏನೂ ಇರಲಿಲ್ಲ. ಒಂದು ಹಿಡಿ ಜೋಳದ ಹಿಟ್ಟು ಮಾತ್ರ, ನಾಲ್ಕು ವರ್ಷ ಸಂದಿಯಿಂದ ಉದುರಿ ಗಟ್ಟಿಯಾದದ್ದು. ಅದನ್ನು ತೆಗೆದು ಕಂಬ ಇಳಿಸಿದರೆ ಅದು ಅಲ್ಲಾಡಿತು.

“ಹಳೀ ತಗ್ಗ. ಬಾಯಿ ಅಗಲ ಆಗ್ಯಾದ. ಒಂದು ಬೆಣಿ ಬೇಕವ್ವಾ,” ಎಂದ ನೀಲಮ್ಮನಿಗೆ.

ಅವಳು ಒಳಗೆ ಹೋಗಿ ಬೀಸುವ ಕಲ್ಲಿನ ಹಳೆಯ ಗೂಟ ತಂದಳು. ಅರಿಷಿಣಕ್ಕೆಂದು ಹೊಸದು ಹಾಕಿಸಿ ಇದನ್ನು ತೆಗೆದಿಟ್ಟಿದ್ದಳು. ಹಿಡಿಯುವ ತುದಿ ಸವೆದು ಕೊಂಬಿನಂತೆ ನುಣುಪಾಗಿತ್ತು. ಮಹಾದೇವಿ ಬೀಸಲು ಕಲಿತದ್ದು ಇದೇ ಗೂಟದ ಮೇಲೆ, ಅಕ್ಕನ ಕೈಯ ಮೇಲೆ ಕೈಯಿಟ್ಟು. ನೀಲಮ್ಮ ಅದನ್ನು ಭೀಮಶ್ಯಾನ ಕೈಗೆ ಕೊಟ್ಟು, “ಗಟ್ಟಿ ಹೊಡಿ,” ಎಂದಳು. ಮೂರು ಪೆಟ್ಟಿಗೆ ಕಂಬ ನಿಂತಿತು. ಮದುವೆಗೆ ಬಂದ ರಶೀದ್‌ಮಿಯಾ ಅದನ್ನು ಎರಡು ಕೈಯಿಂದ ಅಲುಗಿಸಿ ನೋಡಿ, ತನ್ನ ಪೀಪಾಯಿಗಳ ಬಗ್ಗೆ ಏನೂ ಹೇಳದೆ ಊಟಕ್ಕೆ ಕೂತ.

ಇದಾಗಿ ಎರಡು ವರ್ಷ. ಮಹಾದೇವಿ ಮೊನ್ನೆ ಬಂದು ಮಗುವನ್ನು ತೋರಿಸಿಕೊಂಡು ಹೋದಳು. ಬೀಸುವ ಕಲ್ಲು ಪಡಸಾಲೆಯಲ್ಲೇ ಇದೆ. ನಡುವಿನ ಫರ್ಸಿ ಮಾತ್ರ ಸರಿಯಾಗಿ ಕೂಡಲಿಲ್ಲ. ಕಾಲಿಟ್ಟಾಗೆಲ್ಲ ಟಕ್ ಎನ್ನುತ್ತದೆ. ಊರಲ್ಲೇ ಸಿಮೆಂಟು ತಯಾರಾಗುವಾಗ ಈ ಸಪ್ಪಳವೇಕೆ, ಮೆತ್ತಿಸಿಬಿಡೋಣ ಎಂದೆ.

“ಬ್ಯಾಡ ಬಿಡ್ರಿ,” ಎಂದಳು ನೀಲಮ್ಮ. “ಎರಡು ಮದವಿ ಮಾಡ್ಯಾದ ಅದು. ಅಷ್ಟು ಸಪ್ಪಳ ಮಾಡ್ಲಿಕ್ಕೆ ಹಕ್ಕಿಲ್ಲೇನು ಅದಕ್ಕ?”

ಎರಡು ಎಂದಳು. ಸಿಮೆಂಟಿನ ವಿಷಯದಲ್ಲಿ ನಾನು ನಿಂತ ನಿಲುವಿನಲ್ಲೇ ಮನಸ್ಸು ಬದಲಿಸಿದೆ.