ಸೋತವಳು ಹೊತ್ತು ತಂದ ಹಲಗೆ

ಈಗಿನ ಹುಡುಗ ಹುಡುಗಿಯರು ನನ್ನ ಕೈಗೆ ಮೈಕು ಕೊಟ್ಟು, 'ಅಮ್ಮಾ, ನೀವು ಹಿಪ್ ಹಾಪ್ ಕಲಾವಿದೆ' ಎನ್ನುತ್ತಾರೆ. ಅನ್ನಲಿ, ಬಾಯಿ ಅವರದು. ಎಪ್ಪತ್ತರ ದಶಕದ ರಾಯಚೂರಿನಲ್ಲಿ ನಮ್ಮ ಓಣಿಯವರು ನನ್ನನ್ನು ಕರೆಯುತ್ತಿದ್ದದ್ದು ಬಾಯಿಬಡಕಿ ಎಂದು. ಅಪ್ಪ ಹಲಗೆ ಬಾರಿಸುತ್ತಿದ್ದ, ನಾನು ಅದರ ಪೆಟ್ಟಿಗೆ ಸರಿಯಾಗಿ ಪಟಪಟ ಮಾತು ಕಟ್ಟುತ್ತಿದ್ದೆ. ನಲ್ಲಿ ನೀರಿನ ಜಗಳವನ್ನೂ ಪ್ರಾಸದಲ್ಲೇ ಆಡುತ್ತಿದ್ದೆ. ಅಪ್ಪ ತೀರಿಕೊಂಡ ಮೇಲೆ ಹಲಗೆ ನನ್ನ ಹೆಗಲಿಗೆ ಬಂತು. ಹೆಣ್ಣುಮಗಳು ಹಲಗೆ ಮುಟ್ಟಬಾರದು ಎಂದ ಹಿರಿಯರಿಗೆ ಅವ್ವ, 'ಹಂಗಾದ್ರ ನೀವ ಬಾರಿಸ್ರಿ, ಬರ್ರಿ, ಹಿಡೀರಿ' ಎಂದಳು. ಯಾರೂ ಹಿಡಿಯಲಿಲ್ಲ.

ಎಂಬತ್ತರ ದಶಕದಲ್ಲಿ, ಹೈದರಾಬಾದಿಗೆ ಲಾರಿ ಓಡಿಸುತ್ತಿದ್ದ ಮಾವ ಒಂದು ಕ್ಯಾಸೆಟ್ ತಂದ. ಅದರಲ್ಲಿ ಹಾಡಿದವರು ಅಮೆರಿಕದವರಂತೆ. ರಾಗ ಇಲ್ಲ, ಆಲಾಪ ಇಲ್ಲ, ಬಡಿತದ ಮೇಲೆ ಬರೀ ಮಾತು, ಮಾತು, ಮಾತು! ಒಂದಕ್ಷರ ತಿಳಿಯದಿದ್ದರೂ ಎದ್ದು ಕುಣಿದುಬಿಟ್ಟೆ. 'ಯವ್ವಾ, ಇವರೂ ನಮ್ಮಂಥವರ ಅದಾರ ಬೇ! ಇವರ ಓಣ್ಯಾಗೂ ನಲ್ಲಿ ನೀರು ಬರೂದಿಲ್ಲ ಕಾಣಸ್ತದ!' ಎಂದೆ. ಅಂದಿನಿಂದ ನನ್ನ ಪದಗಳಲ್ಲಿ ಉಳಿದಿದ್ದ ಚೂರುಪಾರು ರಾಗವನ್ನೂ ಬಿಟ್ಟೆ. ಮಂದಿ ಮೊದಲು ನಕ್ಕರು, ಆಮೇಲೆ ಕವಿತಾಳದಿಂದ ಗುಂಜಹಳ್ಳಿಯವರೆಗೆ ಕರೆಸಿಕೊಂಡರು.

ನನ್ನ ಜೊತೆ ತಾಳ ಹಾಕಿ ಸೊಲ್ಲು ಹಿಡಿಯುತ್ತಿದ್ದವಳು ದೇವದುರ್ಗದ ದರ್ಜಿ ಹುಡುಗಿ. ದಾರ, ಗುಂಡಿ ಕೊಳ್ಳಲು ರಾಯಚೂರಿಗೆ ಬಂದವಳು ನಮ್ಮ ಅಂಗಳದಲ್ಲಿ ಹಲಗೆ ಕೇಳಿ ನಿಂತಳು. ಗುಂಡಿ ಮರೆತು ಹೋದಳು, ಮತ್ತೆ ಬಂದಳು. ಮುಚ್ಚುಮರೆ ಏಕೆ, ನಾನು ಆಕೆಯನ್ನು ಪ್ರೀತಿಸಿದೆ, ಆಕೆಯೂ ನನ್ನನ್ನು. ಬಸ್ಸಿನಲ್ಲಿ ಆಕೆಯ ಭುಜ ತಾಗಿದರೆ ನನ್ನಂಥ ಬಾಯಿಬಡಕಿಗೂ ಮಾತು ನಿಲ್ಲುತ್ತಿತ್ತು. ಅವ್ವನಿಗೆ ಎಲ್ಲ ಗೊತ್ತಿತ್ತು. ಆಕೆ ಬಂದ ದಿನ ರೊಟ್ಟಿ ಹೆಚ್ಚಿಗೆ ಬಡಿಯುತ್ತಿದ್ದಳು, ಅಷ್ಟೆ.

ಹೀಗಿರುವಾಗ ಆಕೆಯ ಅಣ್ಣ ಕಲ್ಮಲದಲ್ಲಿ ಒಂದು ಗಂಡು ನೋಡಿದ. ಬರುವ ಸೋಮವಾರ ಎಲೆ ಅಡಿಕೆ ಹಿಡಿಯುವುದೆಂದಾಯಿತು. ಹಿಡಿದರೆ ಮುಗಿಯಿತು, ಆಕೆ ಕಲ್ಮಲಕ್ಕೆ, ನನ್ನ ಹಲಗೆ ಗೋಡೆಯ ಮೊಳೆಗೆ. ನನಗೆ ಊಟ ಸೇರಲಿಲ್ಲ. 'ಏನರ ಮಾಡೋಣ ಬಿಡು' ಎಂದು ಆಕೆ ಸೂಜಿಗೆ ದಾರ ಪೋಣಿಸುತ್ತ ಕುಳಿತಿದ್ದಳು. ಆ ಸಮಾಧಾನ ಕಂಡು ನನಗೆ ಮೈ ಉರಿಯಿತು.

ಅದೇ ವಾರ ಮಾನ್ವಿಯಲ್ಲಿ ಒಬ್ಬ ಸಾಹುಕಾರರ ಅಕ್ಕಿ ಗಿರಣಿ ಶುರುವಾಗುವುದಿತ್ತು. ಭತ್ತ ಒಣಗಿಸುವ ಕಟ್ಟೆಯ ಮೇಲೆ ಸವಾಲ್ ಜವಾಬ್ ಇಟ್ಟಿದ್ದರು. ಗಂಡು ಹೆಚ್ಚೆಂದು ಹಾಡುವುದು ಹರದೇಶಿ, ಹೆಣ್ಣು ಹೆಚ್ಚೆಂದು ಹಾಡುವುದು ನಾಗೇಶಿ. ನಾವು ನಾಗೇಶಿ. ಎದುರಾಳಿ ಗಂಡಸರೋ, ಕವಿತಾಳದಲ್ಲಿ ಮದುವೆಯೂಟ ಉಂಡು ಹೊಟ್ಟೆ ಕೆಟ್ಟು ಮಲಗಿದ್ದರು. ಮಂದಿ ಸೇರಿಬಿಟ್ಟಿತ್ತು. ಹಣೆ ತುಂಬ ವಿಭೂತಿ ಹಚ್ಚಿದ್ದ ಸಾಹುಕಾರರು, 'ನೀವಿಬ್ರ ಹಾಡ್ರಿ. ದೊಡ್ಡ ಬಾಯಿ ಇರಾಕಿ ಗಂಡಿನ ಪಕ್ಷ ಹಿಡೀಲಿ' ಎಂದು ತೀರ್ಪು ಕೊಟ್ಟರು. ಗಂಡಸರನ್ನು ಬೈದೇ ಹೆಸರು ಮಾಡಿದ್ದ ನನಗೆ ಎಂಥ ಗತಿ ಬಂತು ನೋಡಿ!

ನನ್ನ ಹಲಗೆಯನ್ನು ಹುಲ್ಲಿನ ಬೆಂಕಿಗೆ ಕಾಯಿಸಿ ಬಿಗಿ ಮಾಡಿದೆ. ಆಕೆ ಮೊದಲ ಏಟಿಗೇ ನನ್ನ ಬೆವರಿಳಿಸಿದಳು:

'ಹೆತ್ತಾಕಿ ಹೆಣ್ಣು, ತುತ್ತಿಟ್ಟಾಕಿ ಹೆಣ್ಣು,
ಮೀಸಿಗೆಣ್ಣಿ ಹಚ್ಚಿ ಕುಂತಾವಗೇನು ಬಂತು ಹುಣ್ಣು?'

ಹೆಂಗಸರು ಬಿದ್ದು ಬಿದ್ದು ನಕ್ಕರು. ನಾನೂ ನಗು ತಡೆದುಕೊಂಡೇ ತಿರುಗಿಸಿ ಹೊಡೆದೆ:

'ನೆಲ ಹಸನ ಇದ್ರೇನ, ಮಳಿ ಬಂದ್ರೇನ,
ಬಿತ್ತಾಂವ ಇಲ್ಲದ ಬೆಳಿ ಬಂದದೇನ?'

ಇದರ ಜವಾಬನ್ನು ನಾವಿಬ್ಬರೂ ಸೇರಿಯೇ ಕಟ್ಟಿದ್ದೆವು, ಆಕೆಗೆ ನೀರು ಕುಡಿದಷ್ಟು ಸಲೀಸು. ನಾನು ಹಲಗೆ ಬಾರಿಸುತ್ತ ಕಾದೆ. ಆಕೆ ಬಾಯಿ ತೆರೆದಳು, ಮುಚ್ಚಿದಳು. ಸೆರಗಿನಿಂದ ಮುಖ ಒರೆಸಿಕೊಂಡು, 'ಸೋತೀನ್ರಿ' ಎಂದು ಕೂತುಬಿಟ್ಟಳು!

ನಮ್ಮ ಕಡೆ ಒಂದು ಕಟ್ಟಳೆ ಇತ್ತು. ಸೋತವರು ಗೆದ್ದವರ ಹಲಗೆ ಹೊತ್ತು ಅವರ ಮನೆಗೆ ಹೋಗಬೇಕು, ಗೆದ್ದವರನ್ನು ಮತ್ತೆ ಹಾಡಿ ಸೋಲಿಸುವ ತನಕ ಅಲ್ಲೇ ಶಿಷ್ಯರಾಗಿ ಇರಬೇಕು. ಗಂಡಸರು ಕಾಯಿ ಕೊಟ್ಟು ಕಾಲಿಗೆ ಬಿದ್ದು ಅಲ್ಲಿಗೆ ಮುಗಿಸುತ್ತಿದ್ದರು. ಈಕೆ ಸಾಹುಕಾರರ ಮುಂದೆ ನಿಂತು, 'ಕಾಯಿ ಗೀಯಿ ಬ್ಯಾಡ್ರಿ. ಕಟ್ಟಳಿ ಅಂದ್ರ ಕಟ್ಟಳಿ' ಎಂದು ನನ್ನ ಹಲಗೆಯನ್ನು ಹೆಗಲಿಗೇರಿಸಿದಳು.

ರಾಯಚೂರಿನ ಬಸ್ಸಿನಲ್ಲಿ ನಾನು ಬೆಂಕಿಯಾಗಿದ್ದೆ. 'ನಾಚಿಕಿ ಆಗೂದಿಲ್ಲೇನ ನಿನಗ? ಹೆಣ್ಣಿನ ಪಕ್ಷ ಮುಳುಗಿಸಿದೆಲ್ಲ!' ಆಕೆ ಕಿಟಕಿಯಾಚೆ ನೋಡುತ್ತ ಮೆಲ್ಲಗೆ ಹೇಳಿದಳು:

'ಬಿತ್ತಾಂವ ಹುಟ್ಟೂದ್ಕ ಮೊದಲ ನೆಲ ಇತ್ತು,
ಅವನ ಹೆತ್ತಾಕಿನ್ನ ಕೇಳು, ಆಕಿಗೆ ಗೊತ್ತು.'

'ಗೊತ್ತಿದ್ದೂ ಯಾಕ ಹೇಳಲಿಲ್ಲ?'

'ಹೇಳಿದ್ರ ಕಲ್ಮಲಕ್ಕ ಹೋಗಬೇಕಿತ್ತು. ನಿನ್ನ ತಲ್ಯಾಗ ಬರೀ ಪ್ರಾಸ ಅದ, ಬುದ್ಧಿ ಇಲ್ಲ.'

ಅಯ್ಯೋ ದೇವರೇ! ನಗಬೇಕೋ ಅಳಬೇಕೋ ತಿಳಿಯದೆ ಎರಡನ್ನೂ ಮಾಡಿದೆ. ಕಂಡಕ್ಟರ್ ಬಂದು ಮೈ ಹುಷಾರಿಲ್ಲವೇ ಎಂದು ಕೇಳಿದ.

ಸೋಮವಾರ ಅಣ್ಣ ಬಂದ. ಕೆಟ್ಟ ಮನುಷ್ಯನಲ್ಲ, ತಂಗಿಯನ್ನು ತಾನೇ ಎತ್ತಿ ಆಡಿಸಿದವನು. ಓಣಿಯ ಮಂದಿ ನೆರೆದರು. 'ಗಂಡಿನ ಕಡ್ಯಾವ್ರು ಬಂದು ಕುಂತಾರ, ನಡಿ' ಎಂದ. 'ಹೆಂಗ ಬರಲಣ್ಣಾ, ಊರ ಮುಂದ ಸೋತೀನಿ' ಎಂದಳು. ಅವನೂ ಹಟಮಾರಿ. 'ಹಂಗಾದ್ರ ಈಗ ಹಾಡು. ನನ್ನ ಮುಂದ ಗೆದ್ದು ಮನಿಗಿ ಬಾ' ಎಂದು ಕಟ್ಟೆಯ ಮೇಲೆ ಕುಳಿತ.

ಅವ್ವ ಹಲಗೆ ತಂದು ಕೊಟ್ಟಳು. ನಾನು ಬಾರಿಸತೊಡಗಿದೆ. ಆಕೆ ಗೆದ್ದರೆ ಹೊರಡಬೇಕು. ಕಷ್ಟದ ಸವಾಲು ಹಾಕಿದರೆ ಬೇಕೆಂದೇ ಸೋಲಿಸಿ ಇಟ್ಟುಕೊಂಡೆನೆಂದಾಗುತ್ತದೆ, ಅದೂ ಬೇಡ. ಆಕೆಯ ಕಣ್ಣು ನೋಡಿದೆ. ಧೈರ್ಯ ಬಂತು. ಬಡಿತ ನಿಲ್ಲಿಸಿ, ತೊಟ್ಟಿಲ ಕೂಸೂ ಹೇಳಬಲ್ಲ ಸವಾಲು ಹಾಕಿದೆ:

'ಹಗಲು ಬೆಳಗೂ ಸೂರ್ಯಾ ಹುಟ್ಟೂದು ಯಾ ದಿಕ್ಕು?'

ಓಣಿಯ ಮಕ್ಕಳೆಲ್ಲ, 'ಮೂಡಲ! ಮೂಡಲ!' ಎಂದು ಕೂಗಿದರು. ಆಕೆ ಬಿಸಿಲಿಗೆ ಕೈ ಅಡ್ಡ ಹಿಡಿದು ಆಕಾಶ ನೋಡಿದಳು, ತಲೆ ಕೆರೆದುಕೊಂಡಳು, ಬಹಳ ಯೋಚಿಸಿದಳು. ಆಮೇಲೆ ಅಣ್ಣನ ಕಡೆ ತಿರುಗಿದಳು. ಅವಳ ಕಣ್ಣಲ್ಲಿ ನೀರಿತ್ತು, ತುಟಿಯಲ್ಲಿ ನಗೆಯಿತ್ತು.

'ಗೊತ್ತಿಲ್ಲಣ್ಣಾ' ಎಂದಳು.

ಅಣ್ಣ ಅವಳನ್ನೇ ನೋಡುತ್ತ ಕುಳಿತ. ಅವ್ವ ಕೊಟ್ಟ ನೀರು ಕುಡಿದು, ತಂಬಿಗೆಯನ್ನು ನೆಲಕ್ಕಿಟ್ಟು, ಚಪ್ಪಲಿ ಮೆಟ್ಟಿಕೊಂಡು ನನ್ನ ಮುಂದೆ ಬಂದು ನಿಂತ.

'ಇಕಿಗೆ ಏನೂ ಬರೂದಿಲ್ಲ ನೋಡವ್ವಾ' ಎಂದ. 'ಸಾವಕಾಶ ಕಲಿಸು. ಅವಸರ ಮಾಡಬ್ಯಾಡ.'