ಏಳನೇ ಸೈಜಿನ ಬೂಟು

ದಳದ ಉಗ್ರಾಣದಲ್ಲಿ ಎಲ್ಲರೂ ಅವಳನ್ನು ಬೂಟಮ್ಮ ಎಂದೇ ಕರೆಯುತ್ತಿದ್ದರು. ಹಾಜರಿ ಪುಸ್ತಕದಲ್ಲಿ ಬೇರೆ ಹೆಸರಿತ್ತು, ಅದು ಸಹಿ ಹಾಕುವಾಗ ಮಾತ್ರ ನೆನಪಾಗುತ್ತಿತ್ತು. ಹೆಡ್ ಕಾನ್‌ಸ್ಟೇಬಲ್, ಇಪ್ಪತ್ತೇಳು ವರ್ಷದ ಸರ್ವಿಸು, ಬಲ ಮೊಣಕಾಲಿನಲ್ಲಿ ನೋವು, ನಾಲಿಗೆಯಲ್ಲಿ ಖಾರ. ನಿವೃತ್ತಿಗೆ ಇನ್ನು ನಾಲ್ಕು ತಿಂಗಳಿತ್ತು. ಅಂಥವಳು ಹನ್ನೊಂದು ತಿಂಗಳಿಂದ ಒಂದು ವಿಚಿತ್ರ ಅಭ್ಯಾಸ ಬೆಳೆಸಿಕೊಂಡಿದ್ದಳು. ಕಾರಿಡಾರಿನಲ್ಲಿ ಒಬ್ಬ ಆಫೀಸರಮ್ಮನ ಹೆಜ್ಜೆ ಸಪ್ಪಳ ಕೇಳಿದರೆ ಸಾಕು, ಬೂಟಿನ ಡಬ್ಬಗಳನ್ನು ಗಲ್ಲದವರೆಗೆ ಪೇರಿಸಿಕೊಂಡು ನಿಂತುಬಿಡುತ್ತಿದ್ದಳು. ಎರಡೂ ಕೈಯಲ್ಲಿ ಸಾಮಾನಿದ್ದರೆ ಸೆಲ್ಯೂಟ್ ಹೊಡೆಯಬೇಕಾಗಿಲ್ಲ, ನೆಟ್ಟಗೆ ನಿಂತರೆ ಸಾಕು. ದಳದ ನಿಯಮವೇ ಹಾಗಿತ್ತು.

ಆ ಆಫೀಸರಮ್ಮ ಅವಳ ಸ್ವಂತ ತಂಗಿಯ ಮಗಳು. ತೊಡೆಯ ಮೇಲೆ ಮಲಗಿಸಿಕೊಂಡು ಮೂಗು ಒರೆಸಿದ ಕೂಸಿಗೆ ಈಗ ಕೈ ಎತ್ತಿ ಸೆಲ್ಯೂಟ್ ಹೊಡೆಯಬೇಕು ಎಂದರೆ ಯಾರ ಹೊಟ್ಟೆಗೆ ಬೆಂಕಿ ಬೀಳುವುದಿಲ್ಲ?

ದಳದ ಚರಿತ್ರೆ ತಿಳಿಯಬೇಕೆಂದವರು ಕಮಾಂಡರ್ ಕೋಣೆಯ ಗೋಡೆ ನೋಡಬೇಕಿಲ್ಲ, ಬೂಟಮ್ಮನ ಉಗ್ರಾಣ ನೋಡಿದರೆ ಆಯಿತು. ಎಲ್ಲಕ್ಕಿಂತ ಕೆಳಗಿನ ಸಾಲಿನಲ್ಲಿ ಲಾಟೀನುಗಳು, ಬಿರುಕುಬಿಟ್ಟ ಚರ್ಮದ ಪಟ್ಟಿಗಳು. ಅವು ರೈಲಿನಲ್ಲಿ ಸಾಗುವ ಸರ್ಕಾರಿ ಪೆಟ್ಟಿಗೆಗಳನ್ನು ಕಾಯಲೆಂದು ದಳ ಹುಟ್ಟಿದ ಕಾಲದವು, ಆಗ ಇದ್ದದ್ದು ಮುನ್ನೂರು ಜನ. ಮೇಲಿನ ಸಾಲಿನಲ್ಲಿ ಉಣ್ಣೆಯ ಕೋಟುಗಳು, ಗಡಿಯಲ್ಲಿ ಸೈನ್ಯ ಸಾಲದೆ ಇವರನ್ನು ಗುಡ್ಡ ಹತ್ತಿಸಿದ ಕಾಲದವು. ಆಮೇಲೆ ಗಲಭೆಗಳ ಕಾಲದ ಬೆತ್ತದ ಗುರಾಣಿ. ಬೆತ್ತ ಹೋಗಿ ಫೈಬರ್ ಬಂತು. ಮೂಲೆಯಲ್ಲಿ ಗಾಳಿ ಬಿಟ್ಟ ರಬ್ಬರ್ ದೋಣಿ, ಹಗ್ಗದ ಸುರುಳಿ, ಯಾಕೆಂದರೆ ಹೊಳೆ ಉಕ್ಕಿದರೂ ಇವರೇ, ಚುನಾವಣೆಯಲ್ಲಿ ಮತಪೆಟ್ಟಿಗೆಯ ಪಕ್ಕ ತೂಕಡಿಸದೆ ಕೂರುವುದಕ್ಕೂ ಇವರೇ. ಅತ್ತ ಸೈನ್ಯವೂ ಅಲ್ಲ, ಇತ್ತ ಊರಿನ ಪೊಲೀಸೂ ಅಲ್ಲ, ಇಬ್ಬರೂ ಒಲ್ಲೆನೆಂದ ಕೆಲಸವೆಲ್ಲ ಇವರ ತಲೆಗೆ. ಈ ಮಧ್ಯೆ ದಳದ ಹೆಸರು ಮೂರು ಸಲ ಬದಲಾಯಿತು, ಸಮವಸ್ತ್ರದ ಬಣ್ಣ ಎರಡು ಸಲ. ಹಳೆಯ ರಬ್ಬರ್ ಮುದ್ರೆಗಳು ಇನ್ನೂ ಬೂಟಮ್ಮನ ಡ್ರಾಯರಿನಲ್ಲಿ ಇದ್ದವು.

ಆದರೆ ಅವಳ ಜೊತೆ ಸೇರಿದ ಹೆಂಗಸರ ಗುರುತಿಗೆ ಆ ಕಪಾಟುಗಳಲ್ಲಿ ಒಂದು ಸಾಮಾನೂ ಇರಲಿಲ್ಲ. ಅವರು ಹಾಕಿದ್ದೆಲ್ಲ ಗಂಡಸರದ್ದೇ.

ಒಂದು ಮುಷ್ಕರದಲ್ಲಿ ಹೆಂಗಸರು ಹೋಗಿ ರೈಲು ಹಳಿಯ ಮೇಲೆ ಕೂತರು. ಅವರನ್ನು ಮುಟ್ಟುವಂತಿಲ್ಲ, ಎಬ್ಬಿಸುವಂತಿಲ್ಲ, ಎರಡು ದಿನ ಗುರಾಣಿ ಹಿಡಿದ ಗಂಡಸರು ಕಂಬದ ಹಾಗೆ ನಿಂತರು. ಆಗ ದಳಕ್ಕೆ ಲೋಕದಲ್ಲಿ ಹೆಂಗಸರೂ ಇದ್ದಾರೆ ಎಂಬುದು ನೆನಪಾಯಿತು. ತರಾತುರಿಯಲ್ಲಿ ಅರವತ್ತೆರಡು ಜನರನ್ನು ತೆಗೆದುಕೊಂಡರು. ಅವರಲ್ಲಿ ಬೂಟಮ್ಮ ಒಬ್ಬಳು. ಅವಳ ಕಾಲಳತೆ ಐದು. ಉಗ್ರಾಣದಲ್ಲಿದ್ದ ಅತಿ ಚಿಕ್ಕ ಬೂಟು ಏಳು. ಅಂದಿನ ಉಗ್ರಾಣದವನು ಡಬ್ಬ ತಳ್ಳಿ, "ಬೇಕಾದ್ರೆ ಕಾಲು ಬೆಳೆಸ್ಕೊಳಮ್ಮ" ಎಂದಿದ್ದ. ಎಂಟು ವರ್ಷ ಅವಳು ಅದೇ ಅಳತೆಯ ಬೂಟಿನಲ್ಲಿ ಓಡಿದಳು, ಗೋಡೆ ಹತ್ತಿದಳು, ಪೆಟ್ಟು ತಿಂದಳು. ಬೂಟಿನ ಮೂತಿಗೆ ಬಟ್ಟೆ ತುರುಕುವುದನ್ನು ತಾನೇ ಕಲಿತಳು. ಸುಮ್ಮನೆ ಉಂಡೆ ಮಾಡಿ ತುರುಕಿದರೆ ಬೆರಳು ಬೊಬ್ಬೆ ಏಳುತ್ತದೆ. ಒದ್ದೆ ಬಟ್ಟೆಯನ್ನು ಮೂರು ಮಡಿಕೆ ಮಾಡಿ, ಹೆಬ್ಬೆರಳಿನ ಕಡೆ ತೆಳ್ಳಗೆ, ಕಿರುಬೆರಳಿನ ಕಡೆ ದಪ್ಪಗೆ ಕೂರಿಸಿ ಒಣಗಲು ಬಿಡಬೇಕು. ಇಷ್ಟಾದರೂ ಹಿಮ್ಮಡಿ ಸಡಿಲವಾಗಿ ಪ್ರತಿ ಹೆಜ್ಜೆಗೂ 'ಚಪ್' ಎನ್ನುತ್ತಿತ್ತು. ಒಂದು ಸಲ ಲಾರಿಯಿಂದ ಹಾರುವಾಗ ಆ ಬೂಟೇ ಹೊರಳಿ ಮೊಣಕಾಲು ಹೋಯಿತು. ಹೆಂಗಸರ ಅಳತೆಯ ಬೂಟು ಬಂದ ವರ್ಷವೇ ಅವಳನ್ನು ಉಗ್ರಾಣಕ್ಕೆ ಹಾಕಿದರು. ಅವುಗಳನ್ನು ಎಣಿಸಿ ಬೇರೆಯವರಿಗೆ ಹಂಚುವ ಭಾಗ್ಯ ಅವಳದಾಯಿತು.

ರಜೆಗೆ ಮನೆಗೆ ಹೋದಾಗ ತಂಗಿಯ ಮಗಳು ಆ ಬೂಟಿನೊಳಗೆ ಪುಟ್ಟ ಕಾಲು ತೂರಿಸಿ ಅಂಗಳವೆಲ್ಲ ಧಡಧಡ ಓಡಾಡುತ್ತಿತ್ತು. "ದೊಡ್ಡಮ್ಮ, ಬಿದ್ದೋಗುತ್ತೆ" ಎಂದು ಅತ್ತರೆ ಬೂಟಮ್ಮ ನಗುತ್ತಾ ಬಟ್ಟೆ ತುರುಕಿಕೊಡುತ್ತಿದ್ದಳು. ಆ ಹುಡುಗಿ ಬೆಳೆದಳು, ಓದಿದಳು. ಅಷ್ಟರಲ್ಲಿ ಹೆಂಗಸರು ನೇರವಾಗಿ ಆಫೀಸರ್ ಪರೀಕ್ಷೆ ಬರೆಯಬಹುದು ಎಂದು ದಳ ನಿಯಮ ಮಾಡಿತು. ಬರೆದಳು, ಪಾಸಾದಳು, ಎರಡು ಕಡೆ ಕೆಲಸ ಮಾಡಿ, ಲೋಕದಲ್ಲಿ ಬೇರೆ ಜಾಗವೇ ಇಲ್ಲವೆಂಬಂತೆ ದೊಡ್ಡಮ್ಮನಿದ್ದ ತುಕಡಿಗೇ ಬಂದಳು.

"ಎಲ್ಲಾ ನಿನ್ನನ್ನ ನೋಡಿ ಕಲಿತಿದ್ದು ಕಣೆ ಅಕ್ಕಾ" ಎಂದು ತಂಗಿ ಫೋನಿನಲ್ಲಿ ಹಿಗ್ಗಿದಾಗ ಬೂಟಮ್ಮ, "ಹ್ಞೂಂ, ಸಂತೋಷ" ಎಂದಿದ್ದಳು. ಸಂತೋಷ ಎನ್ನುವ ಪದ ಗಂಟಲಲ್ಲಿ ಮೀನಿನ ಮುಳ್ಳಿನ ಹಾಗೆ ಸಿಕ್ಕಿಕೊಂಡಿತ್ತು. ಹುಡುಗಿಗೆ ಬೀಗವಿರುವ ಸ್ವಂತ ಕೋಣೆ. ಮೈಗೆ ಅಳೆದು ಹೊಲಿದ ಜಾಕೆಟ್ಟು. ಬೂಟಮ್ಮನ ಕಾಲದಲ್ಲಿ ಅರವತ್ತೆರಡು ಜನಕ್ಕೆ ಚಿಲಕವಿಲ್ಲದ ಎರಡು ಬಚ್ಚಲು ಇದ್ದವು, ಒಬ್ಬಳು ಒಳಗೆ ಹೋದರೆ ಇನ್ನೊಬ್ಬಳು ಬಾಗಿಲಿಗೆ ಬೆನ್ನು ಕೊಟ್ಟು ನಿಲ್ಲಬೇಕಿತ್ತು. ಹಾಗೆ ಬೆನ್ನು ಕೊಟ್ಟು ನಿಂತವರು ಇವರು, ಒಳಗೆ ಹೋಗಿ ಕುರ್ಚಿಯಲ್ಲಿ ಕೂತವಳು ಅವಳು. ಇದನ್ನು ಯೋಚಿಸಿದಾಗಲೆಲ್ಲ ಬೂಟಮ್ಮನಿಗೆ ಊಟ ರುಚಿಸುತ್ತಿರಲಿಲ್ಲ.

ಆ ವರ್ಷದ ಸ್ಥಾಪನಾ ದಿನದ ಪರೇಡು ಹೊತ್ತಿದ್ದ ಬೆಂಕಿಗೆ ಎಣ್ಣೆ ಸುರಿಯಿತು. ಮೊದಲ ತಂಡದ ಹೆಂಗಸರಲ್ಲಿ ಸರ್ವಿಸಿನಲ್ಲಿ ಉಳಿದಿದ್ದವರು ನಾಲ್ವರು. ಅವರನ್ನು ಪರೇಡಿನಲ್ಲಿ ಮುಂದಿನ ಸಾಲಿನಲ್ಲಿ ನಡೆಸಬೇಕೆಂದು ಆದೇಶ ಬಂತು. ಬೂಟಮ್ಮ ಇಪ್ಪತ್ತೇಳು ವರ್ಷದಲ್ಲಿ ಒಂದು ಸಲವೂ ಸ್ಥಾಪನಾ ದಿನದ ಪರೇಡಿನಲ್ಲಿ ಹೆಜ್ಜೆ ಹಾಕಿದವಳಲ್ಲ. ಮೊದಮೊದಲು ಆ ದಿನ ಹೆಂಗಸರನ್ನು ಗೇಟಿನಲ್ಲಿ ಅತಿಥಿಗಳ ಕೈಚೀಲ ತಪಾಸಣೆಗೆ ನಿಲ್ಲಿಸುತ್ತಿದ್ದರು. ಆಮೇಲೆ ಉಗ್ರಾಣ. ಇದೇ ಕೊನೆಯ ಅವಕಾಶ. ಅವಳು ಐದನೇ ಸೈಜಿನ ಒಂದು ಜೊತೆಯನ್ನು ತನ್ನ ಹೆಸರಿಗೆ ಬರೆದುಕೊಂಡು, ಎಣ್ಣೆ ತಿಕ್ಕಿ ಮೆತ್ತಗೆ ಮಾಡಿ ಇಟ್ಟುಕೊಂಡಳು.

ಎರಡು ದಿನದ ತಾಲೀಮಾದ ಮೇಲೆ ಪಟ್ಟಿ ಹೊರಬಿತ್ತು. ನಾಲ್ವರಲ್ಲಿ ಮೂವರ ಹೆಸರಿತ್ತು. ನಾಲ್ಕನೆಯದರ ಮೇಲೆ ಕೆಂಪು ಗೀಟು. ಕೆಳಗೆ ಪರೇಡ್ ಕಮಾಂಡರ್ ಎಂದು ಸಹಿ ಮಾಡಿದ್ದವಳು ತಂಗಿಯ ಮಗಳು. ದಳದ ಪರೇಡಿಗೆ ಕಮಾಂಡ್ ಕೊಡುವ ಮೊದಲ ಹೆಂಗಸು ಅವಳೇ ಎಂಬ ಮಾತು ಆ ಹೊತ್ತಿಗೆ ಎಲ್ಲರ ಬಾಯಲ್ಲೂ ಇತ್ತು.

ಉಗ್ರಾಣದ ಟೈಲರ್, ಕಿವಿಯ ಸಂದಿನಲ್ಲಿ ಸದಾ ಸೀಮೆಸುಣ್ಣ ಸಿಕ್ಕಿಸಿಕೊಂಡಿರುವ ಮುದುಕ, ಮೆತ್ತಗೆ ಹೇಳಿದ, "ಡಾಕ್ಟ್ರು ಚೀಟಿ ಕೊಟ್ಟಿರಬೇಕು ಬಿಡಿ. ಮೊಣಕಾಲಿಗೆ."

"ಮೊಣಕಾಲಿಗೇನಾಗಿದೆ? ನನ್ನ ಪಕ್ಕ ನಿಂತ್ರೆ ಅವಳ ಬಣ್ಣ ಮಂಕಾಗುತ್ತೆ ಅಂತ ತೆಗೆದಿದ್ದಾಳೆ."

"ನಿಮ್ಮ ಮಗೂನೇ ಅಲ್ವಾ ಅದು?"

"ನನ್ನ ಮಗು ಆಗಿದ್ದಿದ್ರೆ ಕಿವಿ ಹಿಂಡ್ತಿದ್ದೆ!"

ಟೈಲರ್ ಹೊಲಿಗೆ ಯಂತ್ರ ತುಳಿದ.

ಪರೇಡಿಗೆ ಹೊರಗಿನ ಬೂಟು ಹಾಕುವಂತಿಲ್ಲ. ಎಲ್ಲರ ಹೊಳಪು ಒಂದೇ ಥರ ಕಾಣಲಿ ಎಂದು ಆಫೀಸರುಗಳೂ ಉಗ್ರಾಣದ ಹೊಸ ಬೂಟೇ ಪಡೆಯಬೇಕು. ಒಂದು ವಾರ ಮೊದಲು ಹುಡುಗಿ ಕೌಂಟರಿಗೆ ಬಂದಳು. ಬೂಟಮ್ಮನ ಕೈಯಲ್ಲಿ ಎಂದಿನಂತೆ ಡಬ್ಬಗಳ ಗೋಪುರ.

"ಐದನೇ ಸೈಜು ಒಂದು ಜೊತೆ ಕೊಡ್ತೀರಾ?" ಟೈಲರ್ ಇದ್ದಾನೆಂದು ಬಹುವಚನ.

ಬೂಟಮ್ಮನಿಗೆ ಯಾವ ದೆವ್ವ ಹೊಕ್ಕಿತೋ, ಅವಳೇ ಆಮೇಲೆ ಹೇಳಲಾರದೆ ಹೋದಳು. "ಐದು ಖಾಲಿ ಮೇಡಂ. ಚಿಕ್ಕದು ಅಂದ್ರೆ ಏಳೇ ಇರೋದು" ಎಂದುಬಿಟ್ಟಳು. ಬೆನ್ನ ಹಿಂದಿನ ಕಪಾಟಿನಲ್ಲಿ ಐದನೇ ಸೈಜಿನ ನಾಲ್ಕು ಡಬ್ಬಗಳು ಸಾಲಾಗಿ ಕೂತಿದ್ದವು. ಟೈಲರನ ಯಂತ್ರ ತಟ್ಟನೆ ನಿಂತಿತು. ಹುಡುಗಿ ಒಂದು ಕ್ಷಣ ದೊಡ್ಡಮ್ಮನ ಮುಖ ನೋಡಿದಳು, ಆಮೇಲೆ ಕಪಾಟು ನೋಡಿದಳು. "ಸರಿ, ಏಳೇ ಕೊಡಿ" ಎಂದು ಸಹಿ ಹಾಕಿ ತೆಗೆದುಕೊಂಡು ಹೋದಳು.

ಆ ಮಧ್ಯಾಹ್ನ ಬೂಟಮ್ಮನಿಗೆ ಎಷ್ಟು ಹಾಯೆನಿಸಿತೆಂದರೆ ಟೈಲರನಿಗೆ ತಾನೇ ಚಹಾ ತರಿಸಿದಳು. ಗೊತ್ತಾಗಲಿ. ಎಂಟು ವರ್ಷ ಬೇಡ, ಎಂಟು ನಿಮಿಷ ಅನುಭವಿಸಲಿ. ಸಾವಿರ ಜನರ ಮುಂದೆ ಆ ಹಿಮ್ಮಡಿ 'ಚಪ್ ಚಪ್' ಎನ್ನಲಿ. ಆದರೆ ದಿನ ಕಳೆದಂತೆ ಆ ಹಾಯಿ ಹುಳಿಯಾಗತೊಡಗಿತು. ಸಡಿಲ ಬೂಟು ಹೇಗೆ ಹೊರಳುತ್ತದೆ ಎಂದು ಅವಳ ಮೊಣಕಾಲಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಎರಡು ಸಲ ಐದನೇ ಸೈಜಿನ ಡಬ್ಬ ಹಿಡಿದು ಆಫೀಸರ್ ಕೋಣೆಯವರೆಗೆ ಹೋದಳು. ಒಂದು ಸಲ ಬಾಗಿಲಿನ ಮೇಲಿನ ಹೊಳೆಯುವ ಹೆಸರಿನ ಫಲಕ ಕಂಡಿತು, ಇನ್ನೊಂದು ಸಲ ಒಳಗಿನಿಂದ ನಗು ಕೇಳಿತು. ಎರಡು ಸಲವೂ ಹೊಟ್ಟೆ ಧಗ್ಗೆಂದು, ಬಂದ ದಾರಿಗೆ ಸುಂಕವಿಲ್ಲವೆಂದು ವಾಪಸು ಬಂದಳು.

ಪರೇಡಿನ ಬೆಳಿಗ್ಗೆ ಉಗ್ರಾಣದವರನ್ನು ಮೈದಾನದ ಹಗ್ಗದ ಆಚೆ ನಿಲ್ಲಿಸಿದ್ದರು. ಬೂಟಮ್ಮ ನೋಡಲು ಹೋಗಿರಲಿಲ್ಲ, ಕೇಳಲು ಹೋಗಿದ್ದಳು. ಹುಡುಗಿ ಒಬ್ಬಳೇ ಮೈದಾನದ ನಡುವಿನವರೆಗೆ ನಡೆದು ಬರಬೇಕು, ಆಗ ಮೈದಾನ ಪೂರ್ತಿ ನಿಶ್ಶಬ್ದ. ಬೂಟಮ್ಮ ಕಣ್ಣು ಮುಚ್ಚಿದಳು. ಚಪ್ ಎನ್ನಲಿ ಎಂದಿತು ಒಂದು ಮನಸ್ಸು. ಅಯ್ಯೋ, ಬೀಳದಿರಲಿ ಎಂದಿತು ಇನ್ನೊಂದು.

ಟಕ್. ಟಕ್. ಟಕ್. ಒಂದೊಂದು ಹೆಜ್ಜೆಯೂ ಗೋಡೆಗೆ ಮೊಳೆ ಹೊಡೆದಂತೆ ಬಿತ್ತು. ಎಲ್ಲೂ ಎಳೆಯಲಿಲ್ಲ, ಜಾರಲಿಲ್ಲ. ಆಮೇಲೆ ಅವಳ ಕಮಾಂಡಿಗೆ ಆರುನೂರು ಜೊತೆ ಬೂಟುಗಳು ಒಟ್ಟಿಗೆ ನೆಲಕ್ಕೆ ಅಪ್ಪಳಿಸಿದವು.

ಬೂಟಮ್ಮ ಕಣ್ಣು ಬಿಟ್ಟು ಹುಡುಗಿಯ ಪಾದ ನೋಡಿದಳು. ಬೂಟಿನ ಮೂತಿ ಕಾಲಿಗಿಂತ ಉದ್ದವಾಗಿತ್ತು, ಏಳೇ ಅದು. ಒಳಗಿನ ಮೂರು ಮಡಿಕೆ ಅವಳಿಗೆ ಕಂಡಂತಾಯಿತು. ಅದನ್ನು ಹೇಳಿಕೊಟ್ಟವಳು ತಾನೇ! ತನ್ನ ಹಿಮ್ಮಡಿ ಎಂಟು ವರ್ಷ ಸದ್ದು ಮಾಡಿತ್ತು, ಇವಳು ಒಂದೇ ವಾರದಲ್ಲಿ ಅದನ್ನೂ ಅಡಗಿಸಿದ್ದಳು. ಆ ಕ್ಷಣ ಉಕ್ಕಿದ ಹೊಟ್ಟೆಕಿಚ್ಚಿನಷ್ಟು ಕೆಟ್ಟ ಹೊಟ್ಟೆಕಿಚ್ಚನ್ನು ಅವಳು ಜೀವನದಲ್ಲಿ ಕಂಡಿರಲಿಲ್ಲ. ಚಪ್ಪಾಳೆ ಮುಗಿಯುವ ಮೊದಲೇ ಕುಂಟುತ್ತಾ ಉಗ್ರಾಣಕ್ಕೆ ಬಂದಳು. ಮೈದಾನದಿಂದ ಅಷ್ಟು ದೂರ ಬರುವುದರೊಳಗೆ ಮೊಣಕಾಲು ಎರಡು ಸಲ ಕೈಕೊಟ್ಟಿತು.

ಅರ್ಧ ಗಂಟೆಗೆ ಕಾರಿಡಾರಿನಲ್ಲಿ ಹೆಜ್ಜೆ ಕೇಳಿತು. ಬೂಟಿನ ಸಪ್ಪಳವಲ್ಲ, ಬರಿಗಾಲಿನದು. ಬೂಟಮ್ಮ ಅವಸರದಲ್ಲಿ ಕೈಗೆ ಸಿಕ್ಕ ಡಬ್ಬಗಳನ್ನು ಪೇರಿಸಿಕೊಂಡಳು. ಹುಡುಗಿ ಒಳಗೆ ಬಂದು, ಬಾಗಿಲು ಮುಂದೆ ಮಾಡಿ, ಕೈಯಲ್ಲಿದ್ದ ಬೂಟುಗಳನ್ನು ಕೌಂಟರಿನ ಮೇಲಿಟ್ಟು ಸ್ಟೂಲಿನ ಮೇಲೆ ಕುಸಿದಳು. ಎರಡೂ ಹಿಮ್ಮಡಿ ಸುಲಿದು ಕೆಂಪಗಾಗಿದ್ದವು. ಬೂಟಿನೊಳಗೆ ಹಿಮ್ಮಡಿಯ ಕಡೆಯೂ ಒಂದು ಬಟ್ಟೆ ಮಡಚಿ ಅಂಟಿಸಿದ್ದಳು. ಅದಕ್ಕೆ ರಕ್ತ ಹತ್ತಿತ್ತು.

"ಐದನೇ ಸೈಜು ನಾಲ್ಕು ಜೊತೆ ಇದೆ ಅಂತ ಹೋದ ತಿಂಗಳು ಸ್ಟಾಕ್ ರಿಜಿಸ್ಟರಿಗೆ ನಾನೇ ಸಹಿ ಹಾಕಿದೀನಿ, ದೊಡ್ಡಮ್ಮ."

ಬೂಟಮ್ಮ ಡಬ್ಬಗಳ ಹಿಂದಿನಿಂದಲೇ ಕೇಳಿದಳು, "ಗೊತ್ತಿದ್ದೂ ಯಾಕೆ ತಗೊಂಡೆ?"

"ನೀನು ಕೊಟ್ಟೆ, ತಗೊಂಡೆ. ನನ್ನ ಮೇಲೆ ಸಿಟ್ಟಿದೆ ಅಂತ ಗೊತ್ತು. ಬಂದು ಜಗಳ ಆಡೋಣ ಅಂದ್ರೆ ನಿನ್ನ ಕೈ ಯಾವತ್ತೂ ಖಾಲಿನೇ ಇರಲ್ಲ."

"ಪಟ್ಟಿಯಿಂದ ನನ್ನ ಹೆಸರು ಹೊಡೆದುಹಾಕಿದವಳು ನೀನು."

"ಹೌದು, ನಾನೇ. ತಾಲೀಮಲ್ಲಿ ಎರಡು ಸಲ ನಿನ್ನ ಕಾಲು ಮಡಚಿತು. ಮೈದಾನದ ಮಧ್ಯೆ ನೀನು ಬೀಳೋದನ್ನ ನಾನು ನೋಡಲ್ಲ. ಅದಕ್ಕೆ ಬೈಬೇಕು ಅಂದ್ರೆ ಬೈ. ಆದ್ರೆ ಬಂದು ಹೇಳಬೇಕಿತ್ತು ನಾನು. ಹೆದರಿ ಹೇಳಲಿಲ್ಲ."

ಹುಡುಗಿ ತನ್ನ ಹಿಮ್ಮಡಿಯನ್ನು ಬೆರಳಿನಿಂದ ಮುಟ್ಟಿ, ಹಲ್ಲು ಕಚ್ಚಿ, ಉಸಿರೆಳೆದುಕೊಂಡಳು.

"ಒಂದು ವಾರಕ್ಕೇ ನನಗೆ ಸಾಕಾಯ್ತು. ಎಂಟು ವರ್ಷ ಇದನ್ನ ಹೇಗೆ ಹಾಕ್ಕೊಂಡೆ ದೊಡ್ಡಮ್ಮ ನೀನು?"

ಡಬ್ಬಗಳು ಒಂದಕ್ಕೊಂದು ತಾಗಿ ಸದ್ದಾಯಿತು. ಇಪ್ಪತ್ತೇಳು ವರ್ಷದಲ್ಲಿ ದಳಕ್ಕೆ ಎಷ್ಟೋ ಕಮಾಂಡರುಗಳು ಬಂದು ಹೋಗಿದ್ದರು. ಬೂಟು ಎಷ್ಟಿದೆ ಎಂದು ಕೇಳಿದ್ದರು, ಎಷ್ಟು ಸವೆದಿದೆ ಎಂದು ಕೇಳಿದ್ದರು. ಈ ಪ್ರಶ್ನೆಯನ್ನು ಅವಳಿಗೆ ಯಾರೂ ಕೇಳಿರಲಿಲ್ಲ.

"ಅಳ್ತಾ ಹಾಕ್ಕೊಂಡೆ ಕಣೆ" ಎಂದಳು.

ಆಮೇಲೆ ಡಬ್ಬಗಳನ್ನು ಒಂದೊಂದಾಗಿ ಕೆಳಗಿಟ್ಟಳು. ಕಪಾಟಿನ ಹೊಸ ಜೊತೆ ಬೇಡ, ಅದು ಹುಣ್ಣಿಗೆ ತಾಗುತ್ತದೆ ಎಂದು ತನಗಾಗಿ ಎಣ್ಣೆ ತಿಕ್ಕಿ ಮೆತ್ತಗೆ ಮಾಡಿಟ್ಟಿದ್ದ ಐದನೇ ಸೈಜಿನ ಬೂಟುಗಳನ್ನು ಪೆಟ್ಟಿಗೆಯಿಂದ ತೆಗೆದಳು. ಹುಡುಗಿ ದೊಡ್ಡಮ್ಮನ ಡಬ್ಬಗಳಿಲ್ಲದ ಕೈಗಳನ್ನೇ ನೋಡುತ್ತಾ ಎದ್ದು ನಿಲ್ಲಲು ಹೋದಳು.

"ಕೂತ್ಕೊ. ಬರಿಗಾಲಿನ ಆಫೀಸರಿಗೆ ಸೆಲ್ಯೂಟ್ ಹೊಡೆಯೋ ನಿಯಮ ಇಲ್ಲ" ಎಂದಳು ಬೂಟಮ್ಮ, ಬೂಟುಗಳನ್ನು ಅವಳ ಕಾಲ ಬಳಿ ಇಡುತ್ತಾ. "ಮೊದಲು ಇವನ್ನ ಹಾಕ್ಕೊ."