ಹರಿಗೋಲಿನ ತೂತು ಹುಡುಕುವ ಉಡಚಮ್ಮ

ಗಂಗಾವತಿ ತಾಲ್ಲೂಕಿನಲ್ಲಿ ಹೊಳೆ ದಾಟುವ ಒಂದು ಸಣ್ಣ ಕಡವು. ತುಂಗಭದ್ರೆಯ ಮೇಲಿನ ಮಂಜು ಇನ್ನೂ ಕರಗಿಲ್ಲ. ದಂಡೆಯ ಮರಳಿನಲ್ಲಿ ಹರಿಗೋಲೊಂದು ಬೋರಲು ಬಿದ್ದಿದೆ. ಅದರ ಅಂಚಿನ ಕೆಳಗಿನಿಂದ ಎರಡು ಪಾದಗಳು ಮಾತ್ರ ಹೊರಗೆ ಚಾಚಿಕೊಂಡಿವೆ. ಗೊತ್ತಿಲ್ಲದವರು ನೋಡಿದರೆ ಎದೆ ಧಸಕ್ಕೆನ್ನಬೇಕು. ಅಷ್ಟರಲ್ಲಿ ಒಳಗಿನಿಂದ ಯಾರೋ ಕೆಮ್ಮುತ್ತಾರೆ, ಹರಿಗೋಲಿನ ಕಪ್ಪು ಬೆನ್ನಿನ ಮೇಲೆ ಕಡ್ಡಿಯೊಂದು ಎದ್ದು ನಿಲ್ಲುತ್ತದೆ. ಸ್ವಲ್ಪ ಆಚೆ ಇನ್ನೊಂದು. ನೋಡನೋಡುತ್ತಿದ್ದಂತೆ ಆ ಬೋಳು ಬೆನ್ನಿಗೆ ಅಲ್ಲೊಂದು ಇಲ್ಲೊಂದು ಕೂದಲು ಬಂದಂತಾಗುತ್ತದೆ.

ಅಡಿಯಲ್ಲಿ ಅಂಗಾತ ಮಲಗಿರುವವರು ಉಡಚಮ್ಮ, ಅರವತ್ತು ದಾಟಿದ ಜೀವ. ಬಿದಿರು ಹೆಣೆದು, ಹೊರಗೆ ಗೊಬ್ಬರದ ಚೀಲ ಹೊದಿಸಿ, ಅದರ ಮೇಲೆ ಡಾಂಬರು ಬಳಿದ ಈ ದುಂಡನೆಯ ದೋಣಿಗಳು ಕಲ್ಲಿಗೆ ಉಜ್ಜಿ, ಬಿಸಿಲಿಗೆ ಬಿರಿದು ತೂತು ಬೀಳುತ್ತವೆ. ಎಷ್ಟು ಸಣ್ಣ ತೂತೆಂದರೆ ಹೊರಗೆ ನಿಂತು ದಿನವಿಡೀ ಹುಡುಕಿದರೂ ಸಿಗುವುದಿಲ್ಲ. ಹೊತ್ತು ಮೂಡುವಾಗಿನ ಅಡ್ಡ ಬಿಸಿಲಿನಲ್ಲಿ ಒಳಗೆ ಮಲಗಿ ನೋಡಿದರೆ ಮಾತ್ರ ಮಿನುಗುತ್ತದೆ. ಮಿನುಗಿದಲ್ಲೆಲ್ಲ ಉಡಚಮ್ಮ ಒಳಗಿನಿಂದ ಕಸಬರಿಗೆಯ ಕಡ್ಡಿ ಚುಚ್ಚುತ್ತಾರೆ. ಆಮೇಲೆ ಹೊರಬಂದು ಒಂದೊಂದೇ ಕಡ್ಡಿ ಕಿತ್ತು ಆ ಜಾಗಕ್ಕೆ ಬಿಸಿ ಡಾಂಬರು ಒತ್ತುತ್ತಾರೆ. ಕೊನೆಗೆ ಮತ್ತೆ ಒಳಗೆ ನುಸುಳಿ ತಳದ ತುಂಬ ಅಂಗೈ ಆಡಿಸುತ್ತಾರೆ, ಕಡ್ಡಿ ಎಲ್ಲಾದರೂ ಉಳಿದಿದೆಯೇ ಎಂದು.

“ಬೆಳಕು ಬರೂ ದಾರ್ಯಾಗನ ನೀರೂ ಬರತೈತ್ರಿ,” ಎನ್ನುತ್ತಾರೆ ಅವರು, ಸೆರಗಿನಿಂದ ಕಣ್ಣಿಗೆ ಬಿದ್ದ ಮರಳು ಒರೆಸಿಕೊಳ್ಳುತ್ತ. “ಬೆಳಕಿಗೆ ಅಂಜೂದು ಕಲಿತೀನಿ ನಾನು.”

ಇದು ನಗೆಗೆ ಹೇಳಿದ ಮಾತಲ್ಲ. ಕಡವಿನ ನಾಲ್ಕಾರು ಹರಿಗೋಲುಗಳಿಗೂ ತೇಪೆ ಹಾಕುವವರು ಉಡಚಮ್ಮ ಒಬ್ಬರೇ. ಆ ಹರಿಗೋಲುಗಳಲ್ಲಿ ದಿನಾ ಬೆಳಿಗ್ಗೆ ಹೊಳೆ ನಡುವಿನ ಗಡ್ಡೆಗೆ ಬಾಳೆ ತೋಟದ ಕೂಲಿಗೆಂದು ಹೆಂಗಸರು ಹೋಗುತ್ತಾರೆ, ಸಂಜೆ ಮರಳುತ್ತಾರೆ. ಹುಟ್ಟು ಹಾಕುವವನ ಹೆಸರು ಊರಿಗೆಲ್ಲ ಗೊತ್ತು. ತೇಪೆ ಹಾಕುವವರ ನೆನಪು ಯಾರಿಗೂ ಬರುವುದಿಲ್ಲ, ನೀರು ಒಳಗೆ ಬಂದಾಗಲಷ್ಟೇ ಬರುತ್ತದೆ. ಅದಕ್ಕೇ ಕೊನೆಯ ಹರಿಗೋಲು ದಂಡೆಗೆ ತಾಗುವವರೆಗೆ ಉಡಚಮ್ಮ ಊಟಕ್ಕೆ ಕೂರುವುದಿಲ್ಲ. ಅದರಲ್ಲೂ ಕೂಲಿ ಹೆಂಗಸರ ಗುಂಪಿನ ಮುಂದಾಳು ಅವರ ಮಗಳೇ, ಸುಮಂಗಲಾ.

ಈ ದೋಣಿಗೆ ಹೆಸರು ಒಂದೇ ಅಲ್ಲ. ಪುಸ್ತಕದವರಿಗೆ ಇದು ಹರಿಗೋಲು. ಹರಿಯುವ ನೀರಿನಲ್ಲಿ ಕೋಲೂರಿ ಹೋಗುವುದರಿಂದ ಆ ಹೆಸರು ಬಂತು ಎಂದು ಮೇಷ್ಟ್ರೊಬ್ಬರು ಹೇಳುತ್ತಾರೆ. ಕೋಲೇ ಮುಟ್ಟದಷ್ಟು ಆಳದಲ್ಲಿ ಏನು ಹೇಳುತ್ತೀರಿ ಎಂದು ಅಂಬಿಗರು ಅವರನ್ನು ಕಾಡಿಸುತ್ತಾರೆ. ದಂಡೆಯವರ ಬಾಯಲ್ಲಿ ಅದು ಹರಗೋಲ. ಕಾಲುವೆ ಸೀಮೆಯಲ್ಲಿ ವಲಸೆ ಬಂದು ನೆಲೆಸಿದವರ ಕ್ಯಾಂಪುಗಳಿಂದ ಬರುವ ತೆಲುಗು ಮಾತಿನ ಭತ್ತದ ರೈತರು ಪುಟ್ಟಿ ಎನ್ನುತ್ತಾರೆ. ನಮ್ಮ ಕಡೆ ಪುಟ್ಟಿ ಎಂದರೆ ತಲೆಯ ಮೇಲೆ ಹೊರುವ ಬುಟ್ಟಿ, ಹಾಗಾಗಿ ಹೆಂಗಸರು ಆ ರೈತರನ್ನು ಸುಮ್ಮನೆ ಬಿಡುವುದಿಲ್ಲ, ಹೊತ್ತುಕೊಂಡು ಹೋಗಿರಿ ಹಾಗಾದರೆ ಎನ್ನುತ್ತಾರೆ. ಹೆಸರಿಗೆ ಬೇರೆ ಕೆಲಸಗಳೂ ಇವೆ. ಒಂದು ಹರಗೋಲ ಮೇವು ಎಂದರೆ ಅದು ಅಳತೆ. ಒಂದೇ ಹರಗೋಲದಾಗ ಕುಂತವರು ಎಂದರೆ ಬೀಗರು. ಹಳತಾದ ಹರಿಗೋಲು ಹಿತ್ತಿಲಿನಲ್ಲಿ ಬೋರಲಾಗಿ ಕೋಳಿಗೂಡಾಗುತ್ತದೆ, ಮಳೆ ಬಂದರೆ ಸೌದೆಗೆ ಸೂರಾಗುತ್ತದೆ. ಆದರೆ ನೀರಿಗಿಳಿದ ಮೇಲೆ ಈ ಕಡವಿನಲ್ಲಿ ಯಾರೂ ಹೆಸರು ಹಿಡಿದು ಕರೆಯುವುದಿಲ್ಲ. ಅಲ್ಲಿ ಅದು ಬರೀ ‘ಆಕಿ’. ಆಕಿ ವಾಲಿದಳು, ಆಕಿ ತಿರುಗಿದಳು. ಹೊಳೆಗೆ ಹೆಸರು ಕೇಳಿಸಬಾರದು ಎಂಬ ಭಯ ಹಿಂದಿನಿಂದ ಬಂದದ್ದು, ಈಗಿನ ಹುಡುಗಿಯರೂ ಅದನ್ನು ಮೀರುವುದಿಲ್ಲ.

ಉಡಚಮ್ಮನ ತವರಿನಲ್ಲಿ ಇದಕ್ಕೆ ಇನ್ನೊಂದು ಹೆಸರಿತ್ತು, ತೊಗಲು. ಅವರ ತಂದೆ ದ್ಯಾವಪ್ಪನ ಕಾಲದಲ್ಲಿ ಗೊಬ್ಬರದ ಚೀಲವೂ ಇರಲಿಲ್ಲ, ಡಾಂಬರೂ ಇರಲಿಲ್ಲ. ಎಮ್ಮೆಯ ತೊಗಲನ್ನು ಹದ ಮಾಡಿ, ಬಿದಿರಿಗೆ ಹೊದಿಸಿ ಹೊಲಿಯುತ್ತಿದ್ದರು. ಹೊಲಿದ ತೊಗಲಿನ ಮೇಲೆ ಊರೆಲ್ಲ ಕೂತು ಹೊಳೆ ದಾಟುತ್ತಿತ್ತು, ಹೊಲಿದವನು ಮಾತ್ರ ಅವರ ಜೊತೆ ಕೂರುವಂತಿರಲಿಲ್ಲ. ಎಲ್ಲರೂ ದಾಟಿದ ಮೇಲೆ ಖಾಲಿ ಹರಿಗೋಲು ಸಿಕ್ಕರೆ ಅದೃಷ್ಟ, ಇಲ್ಲದಿದ್ದರೆ ಈಜಬೇಕು. ಹಾಗೆ ಈಜಲು ಹೋದ ದ್ಯಾವಪ್ಪನ ತಮ್ಮ ತಿರುಗಿ ಬರಲಿಲ್ಲ. ಅಂದಿನಿಂದ ಮನೆಯ ಹೆಣ್ಣುಮಕ್ಕಳು ನೀರಿಗೆ ಕಾಲಿಡಕೂಡದೆಂದು ಉಡಚಮ್ಮನ ತಾಯಿ ಆಣೆ ಹಾಕಿಸಿಕೊಂಡರು. ಆ ಕಾಲ ಹೋಯಿತು, ಈಗ ಯಾರ ಪಕ್ಕದಲ್ಲಿ ಯಾರು ಬೇಕಾದರೂ ಕೂರುತ್ತಾರೆ. ಉಡಚಮ್ಮನ ಭಯ ಮಾತ್ರ ಹೋಗಲಿಲ್ಲ. ಹೋದ ವರ್ಷದವರೆಗೆ ಅವರು ತಾವು ತೇಪೆ ಹಾಕಿದ ಒಂದು ಹರಿಗೋಲಿನಲ್ಲೂ ಹೊಳೆ ದಾಟಿದವರಲ್ಲ.

ಹೋದ ವರ್ಷದ ಮಳೆಗಾಲದ ಆ ಬೆಳಗನ್ನು ಹೇಳುವ ಮುನ್ನ ಅವರು ಡಾಂಬರಿನ ಡಬ್ಬಿಯ ಮುಚ್ಚಳ ಹಾಕುತ್ತಾರೆ.

ಅಂದು ಡ್ಯಾಮಿನಿಂದ ಮಧ್ಯಾಹ್ನ ನೀರು ಬಿಡುತ್ತಾರೆಂದು ಆಟೋದಲ್ಲಿ ಮೈಕು ಕಟ್ಟಿ ಸಾರಿಕೊಂಡು ಹೋಗಿದ್ದರು. ಗಡ್ಡೆಯಲ್ಲಿ ಕಡಿದಿಟ್ಟ ಬಾಳೆಗೊನೆ, ಕಟ್ಟಿದ್ದ ಆಡುಗಳು ಉಳಿದಿದ್ದವು. ನೀರು ಏರುವುದರೊಳಗೆ ತರಬೇಕು. ಅಂಬಿಗರ ಗಾಳೇಶ ಅವಸರ ಮಾಡುತ್ತಿದ್ದ, ಹೆಂಗಸರು ಸೀರೆ ಎತ್ತಿ ಕಟ್ಟಿ ನಿಂತಿದ್ದರು. ಮೋಡ ಕವಿದು ಬಿಸಿಲು ಬಂದು ಹೋಗಿ ಮಾಡುತ್ತಿತ್ತು. ಉಡಚಮ್ಮ ಕಡ್ಡಿ ಚುಚ್ಚಿದರು, ಕಿತ್ತರು, ಡಾಂಬರು ಒತ್ತಿದರು. ಒಳಗೆ ನುಸುಳಿ ಅಂಗೈ ಆಡಿಸಬೇಕು ಅನ್ನುವಷ್ಟರಲ್ಲಿ ನಾಲ್ಕು ಕೈಗಳು ಹರಿಗೋಲನ್ನು ಮಗುಚಿ ನೀರಿಗೆ ತಳ್ಳಿಯಾಗಿತ್ತು. ಇದೊಂದು ಸಲ ಎಂದು ಅವರೂ ಸುಮ್ಮನಾದರು.

ಉಡಚಮ್ಮ ಕಡ್ಡಿಗಳನ್ನು ಎಣಿಸುವವರಲ್ಲ. ಪಂಪ್‌ಸೆಟ್ಟಿನದೊಂದು ಹಳೆಯ ಕಬ್ಬಿಣದ ಉಂಗುರವಿದೆ, ಕೆಲಸ ಮುಗಿದ ಮೇಲೆ ಕಡ್ಡಿಗಳನ್ನೆಲ್ಲ ಅದರೊಳಗೆ ತುರುಕುತ್ತಾರೆ. ಎಲ್ಲವೂ ಬಂದಿದ್ದರೆ ಕಟ್ಟು ಬಿಗಿಯಾಗಿ ಕೂರುತ್ತದೆ. ಅಂದು ಕಟ್ಟು ಸಡಿಲವಾಗಿ ಉಂಗುರದೊಳಗೆ ಜಾರಿತು. ಮರಳಿನಲ್ಲಿ ಹುಡುಕಿದರು, ತುರುಬಿನಲ್ಲಿ ತಡಕಾಡಿದರು. ಸಿಗಲಿಲ್ಲ. ಆಗ ಅವರಿಗೆ ಹೊಳೆಯಿತು. ಒಂದು ಕಡ್ಡಿಯ ತುದಿ ಬಾಗಿ ಹಳೆಯ ಡಾಂಬರಿಗೆ ಅಂಟಿಕೊಂಡಿರಬೇಕು, ಅದರ ಮೇಲೆಯೇ ತಾನು ಹೊಸ ಡಾಂಬರು ಒತ್ತಿರಬೇಕು. ಅಂದರೆ ಈಗ ಹರಿಗೋಲಿನ ತಳದಲ್ಲಿ, ಅಷ್ಟು ಹೆಂಗಸರ ಕಾಲ ನಡುವೆ, ಒಂದು ಕಡ್ಡಿ ನಿಂತಿದೆ.

ಕಡ್ಡಿ ಇದ್ದಷ್ಟು ಹೊತ್ತು ಭಯವಿಲ್ಲ, ಅದೇ ಬೆಣೆಯಂತೆ ತೂತು ಮುಚ್ಚಿರುತ್ತದೆ. ಆದರೆ ಚುಚ್ಚಿದ್ದನ್ನು ಯಾರು ಹಾಗೇ ಬಿಡುತ್ತಾರೆ? ಮುಳ್ಳು ಕಿತ್ತಂತೆ ಕಿತ್ತು ಬಿಸಾಡುತ್ತಾರೆ. ಕಿತ್ತರೆ ಇನ್ನೂ ಹಸಿಯಾಗಿರುವ ಡಾಂಬರು ಹಕ್ಕಳೆಯಂತೆ ಕಡ್ಡಿಯ ಜೊತೆಗೇ ಎದ್ದು ಬರುತ್ತದೆ. ಆಮೇಲೆ ಬರುವುದು ಹನಿಯಲ್ಲ, ಬುಗ್ಗೆ.

ಉಡಚಮ್ಮ ನೀರಿನ ಅಂಚಿಗೆ ಓಡಿದರು. ಹರಿಗೋಲು ನಡುಹೊಳೆ ಸೇರಿತ್ತು, ಸೆಳವಿಗೆ ಸಿಕ್ಕಿ ನಿಧಾನಕ್ಕೆ ಸುತ್ತುತ್ತಿತ್ತು. ಫೋನು ಮನೆಯಲ್ಲಿ ಚಾರ್ಜಿಗೆ ಹಾಕಿದ್ದರು. ಕೂಗಲೆಂದು ಬಾಯಿ ತೆರೆದವರು ಹಾಗೇ ನಿಂತರು. ಏನೆಂದು ಕೂಗುವುದು? ಗಾಳಿಯಲ್ಲಿ ಅರ್ಧ ಮಾತು ಮುಟ್ಟುತ್ತದೆ. ಏನೋ ಕೆಟ್ಟಿದೆ ಎಂದಷ್ಟೇ ತಿಳಿಯುತ್ತದೆ. ಹೆಂಗಸರು ಗಾಬರಿಯಾಗಿ ಎದ್ದು ನಿಲ್ಲುತ್ತಾರೆ, ಎದ್ದು ನಿಂತರೆ ಹರಿಗೋಲು ಮಗುಚುತ್ತದೆ.

“ಕೂಗಿದ್ರ ನಾನ ಕೊಂದಂಗ, ಕೂಗದಿದ್ರೂ ನಾನ ಕೊಂದಂಗ,” ಎನ್ನುತ್ತಾರೆ ಉಡಚಮ್ಮ. “ಸೆರಗು ಬಾಯಾಗ ತುರುಕ್ಕೊಂಡು ನಿಂತೆ ನೋಡ್ರಿ. ನನ್ನ ಮಗಳು ಕೆಳಗ ಬಗ್ಗಿದ್ಲು. ಕೈ ತಳಕ್ಕ ಹಾಕಿದ್ಲು. ಆತು, ಕಿತ್ತಿದ್ಲು, ಇನ್ನ ಮುಗೀತು ಅಂದೆ.”

ಹರಿಗೋಲು ಮುಳುಗಲಿಲ್ಲ. ಸುತ್ತುತ್ತ ಸುತ್ತುತ್ತ ಗಡ್ಡೆಗೆ ತಾಗಿತು. ಹೆಂಗಸರು ಒಬ್ಬೊಬ್ಬರಾಗಿ ಇಳಿದದ್ದು ಚುಕ್ಕೆಗಳಂತೆ ಕಂಡಿತು. ಒಂದು ಚುಕ್ಕೆ ಮಾತ್ರ ಇಳಿಯಲಿಲ್ಲ. ಎಲ್ಲರೂ ಇಳಿದು, ಗಾಳೇಶ ಹರಿಗೋಲನ್ನು ಮರಳಿಗೆ ಎಳೆದ ಮೇಲೆ ಸುಮಂಗಲಾ ಎದ್ದಳು. ಈ ದಂಡೆಯಲ್ಲಿ ಉಡಚಮ್ಮ ಬಾಯಿಂದ ಸೆರಗು ತೆಗೆದರು.

ಹೊಳೆಯ ನಡುವೆ ನಡೆದದ್ದನ್ನು ಸುಮಂಗಲಾ ಹೇಳುತ್ತಾಳೆ. ಕೂತು ಸ್ವಲ್ಪ ಹೊತ್ತಿಗೇ ತೊಡೆಗೆ ಏನೋ ಚುಚ್ಚಿತು. ಕೀಳಲೆಂದು ಕೈ ಹಾಕಿದಳು. ಬೆರಳಿಗೆ ಕಡ್ಡಿಯ ನಯ ಸಿಕ್ಕಿತು, ಅದರ ಬುಡದಲ್ಲಿ ಮೆತ್ತನೆಯ ಡಾಂಬರು ಸಿಕ್ಕಿತು. ಚಿಕ್ಕಂದಿನಲ್ಲಿ ತಾಯಿಯ ಜೊತೆ ಹರಿಗೋಲಿನ ಅಡಿಯಲ್ಲಿ ಮಲಗಿ ಕಡ್ಡಿ ಎತ್ತಿಕೊಡುತ್ತಿದ್ದವಳು ಅವಳು. ಕೈ ತಾನಾಗಿಯೇ ಹಿಂದಕ್ಕೆ ಬಂತು. ಬೇರೆ ಯಾರ ಕಾಲೂ ತಗುಲಬಾರದೆಂದು ಕಡ್ಡಿ ಅಲುಗದಂತೆ ತೊಡೆ ಕೊಟ್ಟು ಅದರ ಮೇಲೆಯೇ ಒತ್ತಿ ಕೂತಳು. ಪಕ್ಕದಲ್ಲಿದ್ದ ಬಾನುಬೀ ಸ್ವಲ್ಪ ಸರಿಯಲು ಹೇಳಿದರು. ಸರಿಯಲಿಲ್ಲ. ಮುಂದಾಳು ಆದ ಮೇಲೆ ಕುರ್ಚಿ ಬಿಡುವುದಿಲ್ಲ ನೋಡಿ ಇವಳು ಎಂದು ಬಾನುಬೀ ಗೇಲಿ ಮಾಡಿದರು, ಎಲ್ಲರೂ ನಕ್ಕರು. ಸುಮಂಗಲಾ ಕೂಡ ನಕ್ಕಳು, ನಗದಿದ್ದರೆ ಅನುಮಾನ ಬರುತ್ತಿತ್ತು. ಅಷ್ಟರಲ್ಲಿ ತೊಡೆಯಿಂದ ರಕ್ತ ಸೀರೆಗೆ ಇಳಿದಿತ್ತು.

ಗಡ್ಡೆಯಲ್ಲಿ ಡಾಂಬರು ಎಲ್ಲಿಂದ ಬರಬೇಕು? ಗಾಳೇಶನೂ ಅವಳೂ ಕಡ್ಡಿಯನ್ನು ಅಲುಗಿಸದೆ ಅದರ ಬುಡಕ್ಕೆ ಬಟ್ಟೆ ತೊಳೆಯುವ ಸಾಬೂನು ಮೆತ್ತಿ, ಚಿಂದಿ ಸುತ್ತಿದರು. ಬಾಳೆಗೊನೆಗಳನ್ನು ಅಲ್ಲೇ ಬಿಟ್ಟು, ಆಡುಗಳನ್ನಷ್ಟೇ ಹೇರಿಕೊಂಡು ಎಲ್ಲರೂ ಬಂದರು. ಬರುವಾಗಲೂ ಸುಮಂಗಲಾ ಅದೇ ಜಾಗದಲ್ಲಿ ಕೂತಿದ್ದಳು. ಅವರು ದಂಡೆಗೆ ಬಂದ ಮೇಲೆ ಹೊಳೆ ಕೆಂಪಾಗಿ ಏರತೊಡಗಿತು. ಕತ್ತಲಾಗುವ ಹೊತ್ತಿಗೆ ಗಡ್ಡೆಯ ಬಾಳೆ ಗಿಡಗಳ ತಲೆ ಮಾತ್ರ ಕಾಣುತ್ತಿತ್ತು.

ಮಗಳು ಯಾರಿಗೂ ಹೇಳಬೇಡ ಎಂದಳು. ಗಾಳೇಶನೂ ಬಾಯಿ ಬಿಡುವವನಲ್ಲ. ಹೇಳಿದರೆ ಕೆಲಸ ಹೋಗುತ್ತದೆ ಎಂಬುದು ಉಡಚಮ್ಮನಿಗೂ ಗೊತ್ತಿತ್ತು. ಆದರೂ ಮರುದಿನ ಕಡವಿಗೆ ಬಂದವರೇ ಎಲ್ಲರ ಮುಂದೆ, ಕಡ್ಡಿ ಬಿಟ್ಟದ್ದು ನಾನೇ ಎಂದುಬಿಟ್ಟರು. ಬಾನುಬೀಯ ಗಂಡ ನಜೀರಸಾಬರವು ಎರಡು ಹರಿಗೋಲುಗಳಿವೆ. ಅವರ ಮುಖ ಬಿಗಿದುಕೊಂಡಿತು. ಬೈಯಲಿಲ್ಲ, ತೇಪೆಗೆ ತಂದಿದ್ದ ತಮ್ಮ ಹರಿಗೋಲನ್ನು ವಾಪಸ್ಸು ಒಯ್ಯಲೂ ಇಲ್ಲ.

“ಇನ್ಮ್ಯಾಲೆ ತ್ಯಾಪಿ ಹಚ್ಚಿದಾಕಿನ ಮೊದಲ ಕುಂದ್ರಲಿ,” ಎಂದರು ನಜೀರಸಾಬ. “ಆಕಿ ನಡುಹೊಳಿ ಮುಟ್ಟಿ ಬಂದ್ಮ್ಯಾಲೆ ನಮ್ಮ ಹೆಣ್ಮಕ್ಳು ಹತ್ತಲಿ.”

ಹೊಳೆಗೆ ಕಾಲಿಡದ ಹೆಂಗಸಿಗೆ ಇದಕ್ಕಿಂತ ದೊಡ್ಡ ಶಿಕ್ಷೆ ಇರಲಿಲ್ಲ. ಮೊದಲ ಸಲ ಗಾಳೇಶ ಕೈ ಹಿಡಿದು ಹತ್ತಿಸಿದಾಗ ಉಡಚಮ್ಮ ಕಣ್ಣು ಮುಚ್ಚಿದವರು ತಿರುಗಿ ಮರಳು ತಾಗುವವರೆಗೆ ತೆರೆಯಲಿಲ್ಲ. ಎರಡು ತಿಂಗಳಾದ ಮೇಲೆ ನಜೀರಸಾಬರೇ ಕರಗಿ, ಸಾಕು ಬಿಡವ್ವ, ನಿನ್ನ ಕೆಲಸದ ಮೇಲೆ ನಂಬಿಕೆ ಬಂತು ಎಂದರು. ಉಡಚಮ್ಮ ಬಿಡಲಿಲ್ಲ. ಇಂದಿಗೂ ತೇಪೆ ಹಾಕಿದ ಪ್ರತಿ ಹರಿಗೋಲಿನಲ್ಲಿ ಮೊದಲು ಕೂರುವವರು ಅವರೇ.

ಇವತ್ತಿನ ಹರಿಗೋಲೂ ಸಿದ್ಧವಾಗಿದೆ. ಅಂಗೈ ಆಡಿಸಿದ್ದಾಗಿದೆ, ಡಾಂಬರು ಆರಿದೆ. ಗಾಳೇಶ ಹುಟ್ಟು ಹಿಡಿದು ನಿಂತಿದ್ದಾನೆ. ಉಡಚಮ್ಮ ಹೊಸ ತೇಪೆಯ ಮೇಲೆಯೇ ಕುಕ್ಕರಗಾಲಲ್ಲಿ ಕೂತು ಎರಡೂ ಕೈಯಿಂದ ಅಂಚು ಹಿಡಿಯುತ್ತಾರೆ. ಮರಳು ಬಿಟ್ಟ ಕೂಡಲೇ ಅವರ ತುಟಿ ಬಿಳಿಚಿಕೊಳ್ಳುತ್ತದೆ. ನಡುಹೊಳೆಯಲ್ಲಿ ಹರಿಗೋಲು ಒಂದು ಸುತ್ತು ಸುತ್ತುತ್ತದೆ, ಕಣ್ಣು ತಳವನ್ನು ಬಿಟ್ಟು ಕದಲುವುದಿಲ್ಲ. ದಂಡೆಯಲ್ಲಿ ಸುಮಂಗಲಾ ಮತ್ತು ಅವಳ ಗುಂಪಿನವರು ಬುತ್ತಿ ಹಿಡಿದು ಕಾಯುತ್ತಿದ್ದಾರೆ.

ತಿರುಗಿ ಬಂದ ಉಡಚಮ್ಮ ಮರಳಿನ ಮೇಲೆ ಕೂರುತ್ತಾರೆ. ಬಿಡು ಎಂದರೂ ಯಾಕೆ ಬಿಡುವುದಿಲ್ಲ ಎಂದು ಕೇಳಿದರೆ, ಹೆಂಗಸರು ಒಬ್ಬೊಬ್ಬರಾಗಿ ಹತ್ತುವುದನ್ನು ನೋಡುತ್ತಾರೆ.

“ನನ್ನ ಮಗಳಿಗೆ ಗೊತ್ತಿತ್ರಿ, ಚುಚ್ಚಿಸ್ಕೊಂಡು ಕುಂತ್ಲು. ಮಂದಿ ಮಕ್ಳಿಗೆ ಹೆಂಗ ಗೊತ್ತಿರಬೇಕು? ಕಿತ್ತು ಒಗೀತಾರ. ಅದಕ, ಚುಚ್ಚೂದಿದ್ರ ಮೊದಲ ನನಗ ಚುಚ್ಚಲಿ.”